‘ಬಹುದು’ ಎಂಬ ಪದದ ಬೆಲೆ

ಹಾದಿಯನ್ನು ಆಕ್ರಮಿಸಿಕೊಂಡವನ ಬಗ್ಗೆ ನಮ್ಮಲ್ಲಿ ಯಾರಿಗೂ ಮಮತೆಯಿಲ್ಲ. ಮಕ್ಕಳನ್ನು ಶಾಲೆಗೆ ಕರೆದೊಯ್ಯುವ ತಾಯಿ ಕಾಲುಹಾದಿಯನ್ನು ಬಿಟ್ಟು ವಾಹನಗಳ ನಡುವೆ ಇಳಿಯಬೇಕಾಗಿ ಬಂದಾಗ ಆಕೆಗೆ ಬರುವ ಕೋಪ ನ್ಯಾಯವಾದದ್ದೇ. ಬೀದಿ ಎಲ್ಲರ ಸ್ವತ್ತು. ಅದಕ್ಕೆ ಒಬ್ಬನು ಬೇಲಿ ಹಾಕಿದರೆ ತೆಗೆಸಲೇಬೇಕು. ಈ ವಿಷಯದಲ್ಲಿ ವಾಚಕರಿಗೂ ನನಗೂ ಭಿನ್ನಾಭಿಪ್ರಾಯವಿರಲಾರದು. ಆದರೆ ಕೋಪದ ಬೆನ್ನಿಗೇ ಇನ್ನೊಂದು ಮಾತೂ ಕೇಳಿಬರುತ್ತದೆ: “ತಪ್ಪು ಕಣ್ಣಿಗೆ ಕಾಣುತ್ತಿರುವಾಗ ನೋಟೀಸೇಕೆ, ವಿಚಾರಣೆಯೇಕೆ? ಕೆಡವಿ ಹಾಕಿದರಾಯಿತು!” ಈ ಮಾತಿಗೆ ಮಾತ್ರ ನಾನು ತಲೆದೂಗಲಾರೆ.

ಮುಂಬಯಿಯಲ್ಲಿ ನಡೆದುದನ್ನು ನೋಡಿ. 1981ರ ಜುಲೈ 13ರಂದು ಮಹಾರಾಷ್ಟ್ರದ ಅಂದಿನ ಮುಖ್ಯಮಂತ್ರಿ ಎ. ಆರ್. ಅಂತುಳೆಯವರು, ಬೀದಿಬದಿಯ ನಿವಾಸಿಗಳನ್ನೆಲ್ಲ ಬಲವಂತದಿಂದ ಎಬ್ಬಿಸಿ ಅವರವರ ಊರಿಗೋ ನಗರದ ಹೊರಕ್ಕೋ ಸಾಗಿಸಲಾಗುವುದೆಂದು ಸಾರಿದರು. ಮಳೆಗಾಲದಲ್ಲಿ ಅಂಥ ಗುಡಿಸಲುಗಳಲ್ಲಿ ಬಾಳುವುದು ಅಮಾನುಷವೆಂಬುದೂ ಅವರು ಕೊಟ್ಟ ಕಾರಣ. ಮಳೆಯಲ್ಲಿ ನೆನೆಯುವರೆಂಬ ಕನಿಕರದಿಂದ ಮಳೆಯಲ್ಲಿಯೇ ಸೂರನ್ನು ಕೀಳುವುದು! ನಮ್ಮ ಆಲಂಕಾರಿಕರು ಇದನ್ನು ಯಾವ ಅಲಂಕಾರವೆಂದು ಕರೆಯುತ್ತಿದ್ದರೋ ತಿಳಿಯದು.

ಹಾಗೆ ಸಾಗಿಸಲ್ಪಟ್ಟವರಲ್ಲಿ ತಮಿಳುನಾಡಿನ ಸೇಲಂ ಕಡೆಯ ಭೂಹೀನ ಕೂಲಿಯೊಬ್ಬನಿದ್ದನು. ಬರದ ದೆಸೆಯಿಂದ 1961ರಲ್ಲಿ ಮುಂಬಯಿಗೆ ಬಂದವನು. ಅರ್ಜಿಯಲ್ಲಿ ಹೇಳಿರುವಂತೆ, ಜುಲೈ 23ರಂದು ಅವನ ಗುಡಿಸಲನ್ನು ಕೆಡವಿ ಸಂಸಾರವನ್ನೆಲ್ಲ ಸೇಲಮಿನ ಬಸ್ಸಿಗೆ ಹತ್ತಿಸಿದರು. ಹೆಂಡತಿಯೂ ಹೆಣ್ಣುಮಕ್ಕಳೂ ಅಲ್ಲಿಯೇ ಉಳಿದರು. ಅವನೊಬ್ಬನು ಕೆಲಸವನ್ನರಸಿ ಹಿಂದಿರುಗಿ, ಮತ್ತೊಂದು ಬೀದಿಬದಿಯ ಗೂಡನ್ನು ಸೇರಿದನು. ಬೀದಿಯೂ ತೆರವಾಗಲಿಲ್ಲ, ಸಂಸಾರವೂ ಒಂದಾಗಿ ಉಳಿಯಲಿಲ್ಲ.

ಇಂಥವರೂ ಪತ್ರಕರ್ತೆ ಓಲ್ಗಾ ಟೆಲಿಸ್ ಅವರೂ ಸರ್ವೋಚ್ಚ ನ್ಯಾಯಾಲಯದ ಮೆಟ್ಟಿಲೇರಿದರು. ಪಾಲಿಕೆಯ ಕೈಯಲ್ಲಿದ್ದ ಅಸ್ತ್ರ 1888ರ ಕಾಯಿದೆಯ 314ನೆಯ ಕಲಮು. ಬೀದಿಯ ಒತ್ತುವರಿಯನ್ನು ಕಮಿಷನರರು ನೋಟೀಸಿಲ್ಲದೆಯೂ ತೆಗೆಸಬಹುದು ಎಂಬುದು ಅದರ ತಾತ್ಪರ್ಯ. ವ್ಯಾಕರಣವನ್ನು ಕಲಿಸಿ ಹೊಟ್ಟೆ ಹೊರೆಯುವ ನನ್ನಂಥವನಿಗೆ ರುಚಿಸುವ ಎಡೆ ಇದು. ನಮ್ಮ ಕನ್ನಡದ ಕಾಯಿದೆಗಳಲ್ಲಿ ‘ತಕ್ಕದ್ದು’ ಎಂದರೆ ಕಟ್ಟಳೆ. ‘ಬಹುದು’ ಎಂದರೆ ವಿವೇಚನೆ. ಮುಂಬಯಿಯ ಕಲಮಿನಲ್ಲಿದ್ದುದು ‘ಬಹುದು’. ಮುಖ್ಯ ನ್ಯಾಯಮೂರ್ತಿ ವೈ. ವಿ. ಚಂದ್ರಚೂಡರನ್ನೊಳಗೊಂಡ ಐವರ ಪೀಠವು 1985ರ ಜುಲೈ 10ರಂದು ಅದನ್ನು ಹಾಗೆಯೇ ಓದಿತು: ನೋಟೀಸಿಲ್ಲದೆ ತೆಗೆಸಬೇಕೆಂಬ ಅಪ್ಪಣೆ ಅಲ್ಲಿಲ್ಲ, ಕೇಳುವುದು ನಿಯಮ, ಕೇಳದಿರುವುದು ತುರ್ತಿನ ಅಪವಾದ.

ಕೇಳಿದರೂ ಅವರಿಗೆ ಹೇಳಲೇನಿದೆಯೆಂದು ಪಾಲಿಕೆ ವಾದಿಸಿತ್ತು. ನ್ಯಾಯಾಲಯ ಒಪ್ಪಲಿಲ್ಲ. ಬದುಕುವ ಹಕ್ಕಿನಲ್ಲಿ ಜೀವನೋಪಾಯವೂ ಅಡಗಿದೆ. ಅದನ್ನು ಕಳೆದುಕೊಳ್ಳಲಿರುವವನ ಮಾತನ್ನು ಆಲಿಸುವುದಕ್ಕೆ ತನ್ನದೇ ಆದ ಬೆಲೆಯಿದೆ ಎಂದಿತು. ಹಾಗೆಂದು ಕಾಲುಹಾದಿಯನ್ನು ಅವರಿಗೆ ಬಿಟ್ಟುಕೊಡಲಿಲ್ಲ. ಅಲ್ಲಿ ನೆಲೆಸುವ ಹಕ್ಕು ಯಾರಿಗೂ ಇಲ್ಲ, ತೆರವು ನ್ಯಾಯವೇ ಎಂದಿತು. 1976ರ ಗಣತಿಯ ಗುರುತುಚೀಟಿಯುಳ್ಳವರಿಗೆ ಬದಲಿ ನಿವೇಶನ, ಅಕ್ಟೋಬರ್ 31ರ ವರೆಗೆ, ಎಂದರೆ ಮಳೆಗಾಲ ಮುಗಿದು ಒಂದು ತಿಂಗಳಾಗುವ ತನಕ, ಯಾರ ಗುಡಿಸಲಿಗೂ ಕೈಹಚ್ಚಬಾರದೆಂಬ ನಿರ್ದೇಶ, ಇಷ್ಟು ದಕ್ಕಿತು. ಕೆಲವರಿಗೆ ಇದು ಅಲ್ಪವೆನಿಸೀತು. ನನಗೆ ಹಾಗೆ ತೋರುವುದಿಲ್ಲ.

ಈಚೆಗೆ, 2024ರ ನವೆಂಬರ್ 13ರಂದು, ಅದೇ ನ್ಯಾಯಾಲಯವು ಕಟ್ಟಡಗಳನ್ನು ಕೆಡಹುವ ಮುನ್ನ 15 ದಿನಗಳ ನೋಟೀಸು, ವಿಚಾರಣೆ, ಕಾರಣಸಹಿತ ಆಜ್ಞೆ, ಆ ಬಳಿಕ ಮತ್ತೆ 15 ದಿನಗಳ ಅವಕಾಶ, ಇವೆಲ್ಲವನ್ನೂ ವಿಧಿಸಿತು. ಆದರೆ ರಸ್ತೆ, ಕಾಲುಹಾದಿ, ರೈಲುಹಾದಿಯ ಬದಿ, ನದಿ, ಕೆರೆಗಳ ಮೇಲಿನ ಅನಧಿಕೃತ ಕಟ್ಟಡಗಳಿಗೆ ಈ ನಿರ್ದೇಶಗಳು ಅನ್ವಯಿಸವೆಂದೂ ಹೇಳಿತು. ಇದರಿಂದ, ಸಾರ್ವಜನಿಕ ಸ್ಥಳವೆಂದಮೇಲೆ ಯಾರನ್ನೂ ಕೇಳಬೇಕಾಗಿಲ್ಲವೆಂದು ಅರ್ಥಮಾಡುವುದು ಅವಸರದ ಮಾತು. 1985ರ ತೀರ್ಪು ಬೀದಿಬದಿಯವರನ್ನು ಕುರಿತದ್ದೇ ಅಲ್ಲವೆ? ನಮ್ಮ ರಾಜ್ಯದಲ್ಲಿಯೂ ಸಾರ್ವಜನಿಕ ಆವರಣಗಳಿಂದ ಅನಧಿಕೃತರನ್ನು ಹೊರಹಾಕುವ 1974ರ ಕಾಯಿದೆ ಮೊದಲು ಕಾರಣ ಕೇಳುತ್ತದೆ, ಜಿಲ್ಲಾ ನ್ಯಾಯಾಧೀಶರಿಗೆ ಅಪೀಲನ್ನೂ ಇಟ್ಟಿದೆ.

ಅಲ್ಲದೆ, ಆ ಸ್ಥಳ ಬೀದಿಯೋ ಮನೆಯ ಅಂಗಳವೋ, ಕೆರೆಯ ಅಂಚು ಈ ಕಲ್ಲಿನವರೆಗೋ ಆ ಕಲ್ಲಿನವರೆಗೋ ಎಂಬುದೇ ಎಷ್ಟೋ ಸಲ ವಿವಾದದ ಮೂಲ. ಅದನ್ನು ಹೇಳಬೇಕಾದವು ಹಳೆಯ ನಕ್ಷೆ, ಸರ್ವೆಯವರ ಅಳತೆ, ಮನೆಯವನ ಪೆಟ್ಟಿಗೆಯಲ್ಲಿರುವ ಕಾಗದಪತ್ರ. ಆ ಪೆಟ್ಟಿಗೆಯನ್ನು ತೆರೆದು ತೋರಿಸಲು ಅವನಿಗೆ ಒಂದು ದಿನವಾದರೂ ಬೇಕು, ಗೋಡೆ ಇನ್ನೂ ನಿಂತಿರುವಾಗಲೇ.