ಬಹುಮುಖಿಯಾಗುವುದು ಅಪರಾಧವೇ?

ತಾರ್ಕೊವ್‌ಸ್ಕಿ ಹೆಸರು ಹೇಳಿದರೆ ಸಾಕು, ನಮ್ಮ ಫಿಲ್ಮ್ ಸೊಸೈಟಿಗಳ ಮಂದಿ ಭಾವಪರವಶರಾಗುತ್ತಾರೆ. ಆಂದ್ರೇ ಕೊಂಚಲೋವ್‌ಸ್ಕಿ ಎಂದರೆ ‘ಹಾಲಿವುಡ್ಡಿಗೆ ಹೋದವನಲ್ಲವೇ’ ಎಂದು ಮೂಗು ಮುರಿಯುತ್ತಾರೆ. ‘ಆಂದ್ರೇ ರುಬ್ಲಿಯೋವ್’ ಚಿತ್ರಕತೆಯನ್ನು ತಾರ್ಕೊವ್‌ಸ್ಕಿಯ ಜೊತೆ ಕೂತು ಬರೆದವರು ಇದೇ ಕೊಂಚಲೋವ್‌ಸ್ಕಿ. ಕತೆ ಬರೆಯುವ ನಮಗೆ ಈ ಮರೆವು ಚುಚ್ಚುತ್ತದೆ. ಬರೆದವರ ಪಾಡೇ ಇಷ್ಟು!

1965ರಲ್ಲಿ ಅವರು ಐತ್ಮಾತೊವರ ಕತೆ ಆಧರಿಸಿ ‘ಮೊದಲ ಗುರು’ ಮಾಡಿದರು. ಕಿರ್ಗಿಝ್ ಮುಸ್ಲಿಮರ ಹಳ್ಳಿಗೆ ಅಕ್ಷರ ಕಲಿಸಲು ಬರುವ ಕೆಂಪು ಸೈನಿಕನ ಕತೆ. ಹಳ್ಳಿಗರನ್ನು ಬರೀ ಮೂಢರೆಂದು ತೋರಿಸಿ ಚಪ್ಪಾಳೆ ಗಿಟ್ಟಿಸುವುದು ಆಗ ಸುಲಭವಿತ್ತು. ಕೊಂಚಲೋವ್‌ಸ್ಕಿ ಗುರುವಿನ ಹಟಮಾರಿತನವನ್ನೂ ಮುಚ್ಚಿಡಲಿಲ್ಲ. ಶಾಲೆಗಾಗಿ ಅವನು ಊರಿಗಿದ್ದ ಒಂದೇ ಪಾಪ್ಲರ್ ಮರಕ್ಕೆ ಕೊಡಲಿ ಹಾಕುವಾಗ ನಾವು ಯಾರ ಪಕ್ಷ? ಉದ್ಧಾರಕರ ಭಾಷಣ ಕೇಳಿ ದಣಿದ ನಮಗೆ ಈ ಪ್ರಶ್ನೆ ದೂರದ್ದಲ್ಲ.

ಮುಂದಿನ ಚಿತ್ರ ‘ಆಸ್ಯಾ ಕ್ಲ್ಯಾಚಿನಾ’ದಲ್ಲಿ ನಿಜವಾದ ರೈತರೇ ನಟಿಸಿದರು. ಸೋವಿಯತ್ ಅಧಿಕಾರಿಗಳು ಅದನ್ನು ಸುಮಾರು 20 ವರ್ಷ ಪೆಟ್ಟಿಗೆಯಲ್ಲಿಟ್ಟರು. ಅಮೆರಿಕದಲ್ಲಿ ಮಾಡಿದ ‘ಟ್ಯಾಂಗೊ ಅಂಡ್ ಕ್ಯಾಶ್’ (1989) ಎಂಬ ಹೊಡೆದಾಟವನ್ನು ನಾವೇನೂ ಸಮರ್ಥಿಸುವುದಿಲ್ಲ. ಆದರೆ ಅದನ್ನೇ ತಕ್ಕಡಿಗೆ ಹಾಕುವವರು 2020ರ ‘ಪ್ರಿಯ ಕಾಮ್ರೇಡರೇ’ ನೋಡಲಿ. 1962ರಲ್ಲಿ ನೊವೊಚೆರ್ಕಾಸ್ಕಿನಲ್ಲಿ ಬೆಲೆಯೇರಿಕೆಯ ವಿರುದ್ಧ ಬೀದಿಗಿಳಿದ ಕಾರ್ಮಿಕರ ಮೇಲೆ ಗುಂಡು ಹಾರಿತು. ಪಕ್ಷನಿಷ್ಠ ತಾಯಿಯೊಬ್ಬಳು ಕಾಣೆಯಾದ ಮಗಳನ್ನು ಹುಡುಕುತ್ತಾಳೆ. 80 ದಾಟಿದ ಮೇಲೆ ಇದನ್ನು ತೆರೆಗೆ ತಂದವರು ಸೋವಿಯತ್ ರಾಷ್ಟ್ರಗೀತೆಯನ್ನು ಬರೆದವರಲ್ಲೊಬ್ಬರಾದ ಸೆರ್ಗೇ ಮಿಖಲ್ಕೋವರ ಮಗ.