ಅಂಗೈಯಲ್ಲಿನ ಪತ್ತೇದಾರರು

ಪತ್ತೇದಾರಿ ಕಾದಂಬರಿ ಓದುತ್ತ, ಕೊನೆಯ ಪುಟಕ್ಕೆ ಮೊದಲೇ ಕೊಲೆಗಾರನನ್ನು ಊಹಿಸುವ ಚಟ ನನಗೂ ಇದೆ. ಊಹೆ ತಪ್ಪಿದರೆ ಯಾರಿಗೂ ನಷ್ಟವಿಲ್ಲ. ಅದೇ ಚಟ ಮೊಬೈಲು ಹಿಡಿದು ನಿಜವಾದ ಅಪರಾಧದ ಬೆನ್ನು ಹತ್ತಿದರೆ ಬಲಿಯಾಗುವುದು ಜೀವಂತ ಮನುಷ್ಯರು.

2013ರ ಏಪ್ರಿಲ್ 15ರಂದು ಅಮೆರಿಕದ ಬಾಸ್ಟನ್ ಮ್ಯಾರಥಾನ್‌ನಲ್ಲಿ ಬಾಂಬು ಸಿಡಿದು ಮೂವರು ಸತ್ತರು. ರೆಡಿಟ್ ಜಾಲತಾಣದ ಉತ್ಸಾಹಿಗಳು ಫೋಟೋಗಳನ್ನು ಕೆದಕಿ, ತಿಂಗಳ ಹಿಂದೆಯೇ ಕಾಣೆಯಾಗಿದ್ದ ವಿದ್ಯಾರ್ಥಿಯೊಬ್ಬನ ತಲೆಗೆ ಅದನ್ನು ಕಟ್ಟಿದರು. ಮಗನನ್ನು ಹುಡುಕುತ್ತಿದ್ದ ಮನೆಯವರ ಮೇಲೆ ಬೈಗುಳದ ಸುರಿಮಳೆಯಾಯಿತು. ಆ ಹುಡುಗ ನಿರಪರಾಧಿ. ಕೆಲವೇ ದಿನಗಳಲ್ಲಿ ಅವನ ಶವ ಸಿಕ್ಕಿತು. ಜಾಲತಾಣದವರು ಕ್ಷಮೆ ಕೇಳಿದರು. ಅದರಿಂದ ಹೆತ್ತವರಿಗೆ ಬಂದದ್ದೇನು?

"ಪೊಲೀಸರು ನಿಧಾನ, ಜನರಾದರೂ ಹುಡುಕಲಿ ಬಿಡಿ ಮೇಡಂ" ಎನ್ನುತ್ತಾರೆ ನಮ್ಮ ಸ್ಟಾಫ್ ರೂಮಿನಲ್ಲಿ. ನಿಧಾನ ನಿಜ. ಆದರೆ ನಮ್ಮಲ್ಲೂ ಶಂಕಿತನನ್ನು ಹಲವರ ನಡುವೆ ನಿಲ್ಲಿಸಿ ಸಾಕ್ಷಿಯಿಂದ ಗುರುತು ಹಿಡಿಸುವ ಪದ್ಧತಿಯಿದೆ. ಅವನ ಮುಖ ಮೊದಲೇ ವಾಟ್ಸಾಪಿನಲ್ಲಿ ಊರೆಲ್ಲ ಸುತ್ತಿದ್ದರೆ ಆ ಗುರುತಿಗೆ ಬೆಲೆಯೆಲ್ಲಿ? ವಕೀಲರು ಅದನ್ನೇ ಎತ್ತಿ ಹಿಡಿದರೆ ನಿಜವಾದ ಅಪರಾಧಿಯೇ ಪಾರಾದಾನು.

ಮೂವತ್ತು ವರ್ಷ ಉತ್ತರಪತ್ರಿಕೆ ತಿದ್ದಿದವಳು ನಾನು. ಕಾರಣ ಕೊಡದ ಉತ್ತರಕ್ಕೆ ಪೂರ್ತಿ ಅಂಕ ಕೊಟ್ಟವಳಲ್ಲ. ಕಣ್ಣಾರೆ ಕಂಡದ್ದಿದ್ದರೆ ಠಾಣೆಗೆ ಹೋಗಿ ಹೇಳಿ. ಬರೀ ಊಹೆಯಾದರೆ ದಯವಿಟ್ಟು ಇನ್ನೊಬ್ಬರಿಗೆ ಕಳಿಸಬೇಡಿ.