ಬಾಯಿಲೇ ಮಾಡಿದ ಅಡಗಿ

ಮೊನ್ನೆ ನಾ ಒಂದು ಅಡಗಿ ಪುಸ್ತಕದ ಸುದ್ದಿ ತಗದಾಗ ನಮ್ಮ ವೈನಿ ಮಾರಿ ಸಣ್ಣದು ಮಾಡಿದ್ರು. "ಹಸಿದು ಸತ್ತವರು ಬರದ ಕೇಕು-ಕಡಬು ಓದಿ ಏನು ಮಾಡೂದದ? ಅವರ ನೆನಪಿಗೆ ಒಂದು ದೀಪಾ ಹಚ್ಚಿ ಸುಮ್ಮನಾಗಬೇಕು" ಅಂದ್ರು. ಅವರ ಮಾತಿನ್ಯಾಗ ಸಂಕಟ ಅದ, ತಪ್ಪಿಲ್ಲ. ಆದ್ರ ನನಗ ಹಂಗ ಅನಸೂದಿಲ್ಲ. ಯಾಕಂತ ಹೇಳ್ತೀನಿ, ಕೇಳ್ರಿ.

ಈಗಿನ ಚೆಕ್ ದೇಶದಾಗ ಟೆರೆಜಿನ್ ಅಂತ ಒಂದು ಹಳೇ ಕೋಟೆಯ ಊರದ. ಎರಡನೇ ಮಹಾಯುದ್ಧದಾಗ, 1941ರ ನವೆಂಬರ್‌ದಿಂದ, ಹಿಟ್ಲರನ ಕಡಿಯವರು ಅಲ್ಲಿ ಯಹೂದಿಗಳನ್ನ ತಂದು ಕೂಡಿಹಾಕಿದ್ರು. ಸುಮಾರು 1,40,000 ಮಂದಿ. ಅವರೊಳಗ ಸುಮಾರು 33,000 ಮಂದಿ ಹಸಿವಿ, ರೋಗದಿಂದ ಅಲ್ಲೇ ಸತ್ರು. ಹೆಚ್ಚು ಕಡಿಮಿ 90,000 ಮಂದಿನ್ನ ರೈಲಿನ್ಯಾಗ ತುಂಬಿ ಆಶ್ವಿಟ್ಜ್‌ನಂಥಾ ಕೊಲ್ಲೂ ಜಾಗಾಕ್ಕ ಕಳಿಸಿದ್ರು.

ತಿನ್ನಲಿಕ್ಕೆ ಅಲ್ಲಿ ನೀರಿನಂಥಾ ಸಾರು, ಬ್ರೆಡ್ಡು, ಬಟಾಟಿ. ದುಡಿಲಿಕ್ಕಾಗದ ಮುದುಕರಿಗೆ ಎಲ್ಲಾರಕಿಂತ ಕಡಿಮಿ ಪಾಲು. ಅಂಥಾದ್ರಾಗ ಹೆಣ್ಣಮಕ್ಕಳು ರಾತ್ರಿ ಮಲಗೂ ಹಲಗಿ ಮ್ಯಾಲೆ ಕೂತು, ನಾ ಹಿಂಗ ಮಾಡ್ತಿದ್ದೆ, ನೀ ಹೆಂಗ ಮಾಡ್ತಿದ್ದಿ ಅಂತ ಅಡಗಿ ಮಾತಾಡೂರು. ಅದಕ್ಕ ಬಾಯಿಲೇ ಅಡಗಿ ಮಾಡೂದು ಅಂತಿದ್ರಂತ. ಮಿನಾ ಪೆಖ್ಟರ್ ಅನ್ನೂ ಅಜ್ಜಿ, ಎಪ್ಪತ್ತು ದಾಟಿದವರು, ಒಂದಿಷ್ಟು ಗೆಳತ್ಯಾರ ಕೂಡ ಅವನ್ನ ಚೂರುಪಾರು ಹಾಳಿ ಮ್ಯಾಲೆ ಬರದು, ದಾರಲೇ ಹೊಲದು ಪುಸ್ತಕಾ ಮಾಡಿದ್ರು. ಅವರ ಮಗಳು ಆನಿ 1939ರಾಗ ಊರು ಬಿಟ್ಟು ಹೋಗುಮುಂದ ಬಾ ಅಂತ ಕರದಿದ್ಲು. ಮುದುಕರಿಗೆ ಯಾರು ಏನು ಮಾಡ್ತಾರ ಅಂತ ತಾಯಿ ಹಿಂದ ಉಳಿದ್ರು.

1944ರ ಯೋಮ್ ಕಿಪ್ಪುರ್ ದಿನ, ಅಂದ್ರ ಯಹೂದಿಗಳ ದೊಡ್ಡ ಉಪವಾಸದ ದಿನ, ಮಿನಾ ಅಜ್ಜಿ ತೀರಿಕೊಂಡ್ರು. ಸಾಯೂಕಿಂತ ಮೊದಲ ಒಬ್ಬ ಪರಿಚಯದವರ ಕೈಯಾಗ ಆ ಗಂಟು ಕೊಟ್ಟು, ಮಗಳಿಗೆ ಮುಟ್ಟಸ್ರಿ ಅಂದಿದ್ರು. ಅದು ಕೈಯಿಂದ ಕೈಗೆ ಹೋಗಿ ಆನಿಗೆ ನ್ಯೂಯಾರ್ಕಿನ್ಯಾಗ ಮುಟ್ಟಿದ್ದು 25 ವರ್ಷಕ್ಕ. ಪುಸ್ತಕಾಗಿ ಇಂಗ್ಲಿಷಿನ್ಯಾಗ ಬಂದದ್ದು 1996ರಾಗ.

ಈಗ ಇನ್ನೊಂದು ಕಾಗದದ ಕಥಿ ಕೇಳ್ರಿ. ಅದ 1944ರ ಜೂನ್ 23ಕ್ಕ ರೆಡ್ ಕ್ರಾಸಿನವರು ಆ ಶಿಬಿರಾ ನೋಡ್ಲಿಕ್ಕೆ ಬಂದ್ರು. ಅವರು ಬರೂದ್ರೊಳಗ ನಾಜಿಗಳು ಗೋಡಿಗೆ ಬಣ್ಣಾ ಹೊಡಿಸಿದ್ರು, ಹೂವಿನ ಗಿಡಾ ಹಚ್ಚಿಸಿದ್ರು. ಗದ್ದಲ ಕಾಣಬಾರದಂತ ಮೇ ತಿಂಗಳದಾಗ ಸುಮಾರು 7,500 ಮಂದಿನ್ನ ಆಶ್ವಿಟ್ಜ್‌ಗೆ ಸಾಗಿಸಿದ್ರು. ಬಂದವರು ತೋರಿಸಿದ್ದಷ್ಟ ನೋಡಿ, ಎಲ್ಲಾ ಛಲೋ ಅದ ಅನ್ನೂಹಂಗ ವರದಿ ಬರದ್ರು.

ನೀವ ಹೇಳ್ರಿ, ಖರೇ ಹೇಳಿದ ಕಾಗದ ಯಾವುದು? ಕೋಟು ಹಾಕ್ಕೊಂಡು ಬಂದವರು ಬರದದ್ದೋ, ಹಸಿದ ಮುದುಕ್ಯಾರು ಬರದದ್ದೋ? ಹೊಟ್ಟಿ ತುಂಬಿದಾಕಿ ರಾತ್ರಿ ಕೂತು ಬೆಣ್ಣಿ ಎಷ್ಟು, ತತ್ತಿ ಎಷ್ಟು ಅಂತ ಬರಿಯೂದಿಲ್ಲ. ಆ ಪುಸ್ತಕದಾಗ ಎಷ್ಟೋ ಕಡೆ ಒಂದು ಸಾಮಾನು ಬಿಟ್ಟು ಹೋಗ್ಯದ, ಒಂದು ಹಂತ ಮರತು ಹೋಗ್ಯದ. ಛಾಪಿಸಿದವರು ಅದನ್ನ ತಿದ್ದಲಿಲ್ಲ. ಅವರು ಮಾಡಿದ್ದು ಸರಿ ಅಂತೀನಿ ನಾ. ವರ್ಷಾನುಗಟ್ಟಲೆ ಕೈಯಾಡಿಸಿದ ಅಡಗಿಯೊಳಗ ಮನಿ ಯಜಮಾನಿಗೆ ತಪ್ಪು ಬೀಳ್ತದ ಅಂದ್ರ, ಆ ಹಸಿವಿ ಎಂಥಾದ್ದಿರಬೇಕು! ಆ ತಪ್ಪ ಸಾಕ್ಷಿ.

ಅದಕ್ಕ ವೈನಿಗೆ ನನ್ನ ಉತ್ತರ ಇಷ್ಟ. ದೀಪಾ ಹಚ್ಚೂಣು, ಬ್ಯಾಡನ್ನೂದಿಲ್ಲ. ಆಶ್ವಿಟ್ಜ್ ಬಿಡುಗಡೆಯಾದ ಜನವರಿ 27, ಜಗತ್ತೆಲ್ಲಾ ಅವರನ್ನ ನೆನಸೂ ದಿನಾನೂ ಹೌದು. ಆದ್ರ ದೀಪದ ಮುಂದ ಸತ್ತವರೆಲ್ಲಾ ಒಂದ ಥರಾ ಕಾಣ್ತಾರ. ನಾಜಿಗಳೂ ಅವರನ್ನ ಹಂಗ ನೋಡಿದ್ರು, ರೈಲಿನ ಪಟ್ಟಿಯೊಳಗಿನ ಒಂದೊಂದು ನಂಬರ್ ಅಂತ. ಪುಸ್ತಕದಾಗ ಹಂಗಲ್ಲ. ಒಬ್ಬಾಕಿಗೆ ಲಿಂಜರ್ ಟೋರ್ಟೆ ಬರ್ತಿತ್ತು, ಇನ್ನೊಬ್ಬಾಕಿ ಪ್ಲಮ್ ಹಣ್ಣು ತುಂಬಿ ಕಡಬು ಮಾಡ್ತಿದ್ಲು. ಮನಿ ಇತ್ತು, ಉಣ್ಣೂ ಮಂದಿ ಇದ್ರು. ಹಬ್ಬ ಇದ್ವು.

ಅದನ್ನ ನೋಡಿ ಕೇಕು ಮಾಡ್ರಿ ಅಂತ ನಾ ಹೇಳೂದಿಲ್ಲ. ಒಮ್ಮೆ ಓದ್ರಿ, ಮಕ್ಕಳಿಗೂ ಹೇಳ್ರಿ. ಲಕ್ಷದ ಲೆಕ್ಕಾ ಅವರು ಪರೀಕ್ಷೆ ಮುಗದ ಮ್ಯಾಲೆ ಮರೀತಾರ. ಮಿನಾ ಅಜ್ಜಿನ್ನ ಮರಿಯೂದಿಲ್ಲ.